ಅಕ್ಕೋರನ್ನು ಕೇಳಿ: ಬಟ್ಟೆ ಅಂಗಡಿಯವರ ಸೊಸೆಯಾದ ರಾಜಕುಮಾರಿ

ಪ್ರಶ್ನೆ: ಅಕ್ಕೋರೆ, ನಮಸ್ಕಾರ. ನಮ್ಮದು ಬೈಲಹೊಂಗಲ ತಾಲ್ಲೂಕಿನ ಒಂದು ಹಳ್ಳಿಯ ದೇಸಾಯರ ಮನೆತನ. ವಾಡೆಯ ಹಿಂದಿನ ಅರ್ಧ ಬಿದ್ದು ಹೋಗಿದೆ, ಮುಂದಿನ ಅರ್ಧದಲ್ಲಿ ನಾವಿದ್ದೇವೆ. ಮಗಳು ಬೆಳಗಾವಿಯಲ್ಲಿ ಬ್ಯಾಂಕಿನ ಕೆಲಸದಲ್ಲಿದ್ದಾಳೆ. ಅಲ್ಲೇ ಬಟ್ಟೆ ಅಂಗಡಿ ಇಟ್ಟವರ ಮಗನನ್ನು ಮದುವೆ ಆಗುತ್ತೇನೆ ಎನ್ನುತ್ತಾಳೆ. ಹುಡುಗನನ್ನು ನಾನು ಎರಡು ಸಲ ಮಾತಾಡಿಸಿದ್ದೇನೆ, ಒಳ್ಳೆಯವನು. ಆದರೆ ನಮ್ಮ ಮಾವನವರು ಒಪ್ಪುತ್ತಿಲ್ಲ. "ಗಜಕಡ್ಡಿ ಹಿಡಿಯುವವರ ಮನೆಗೆ ದೇಸಾಯರ ಹೆಣ್ಣಾ?" ಅಂತಾರೆ. ಮಾವನವರ ಹೊಲದ ಉತಾರ ತೆಗೆಸುವುದು, ಬಿಪಿ ಗುಳಿಗೆ ತಂದುಕೊಡುವುದು, ಕಣ್ಣಿನ ಡಾಕ್ಟರ ಹತ್ತಿರ ಕರೆದೊಯ್ಯುವುದು ಎಲ್ಲ ಇದೇ ಮಗಳು. ಮೊನ್ನೆ ಅವಳು ಸಿಟ್ಟಿನಲ್ಲಿ, "ಯುರೋಪಿನಲ್ಲಿ ರಾಜನ ಮಗಳೇ ಬಟ್ಟೆ ಅಂಗಡಿಯವನನ್ನು ಮದುವೆ ಆಗಿದ್ದಾಳೆ, ನಮ್ಮದೇನು ಅರ್ಧ ವಾಡೆ" ಅಂದುಬಿಟ್ಟಳು. ಮಾವನವರು "ಸುಳ್ಳು" ಅಂದರು. ಇದು ನಿಜವಾ? ಆ ಹುಡುಗಿಯ ಅಪ್ಪ ಹೇಗೆ ಒಪ್ಪಿದ? ಅವಳ ಹೆಸರು, ಮಾನ ಉಳಿಯಿತಾ?
ಒಬ್ಬ ತಾಯಿ, ಬೈಲಹೊಂಗಲ ತಾಲ್ಲೂಕು

ಉತ್ತರ: ಮಗಳು ಹೇಳಿದ್ದು ನಿಜ ತಂಗೀ. ದೇಶ ನಾರ್ವೆ. ರಾಜನ ಹೆಸರು ಐದನೇ ಓಲಾವ್. ಮಗಳು ಆಸ್ಟ್ರಿಡ್. ಅಳಿಯ ಯೋಹಾನ್ ಮಾರ್ಟಿನ್ ಫರ್ನರ್. ಅವರ ಮನೆತನದ್ದು ಓಸ್ಲೋ ಪಟ್ಟಣದಲ್ಲಿ ಬಟ್ಟೆ ಅಂಗಡಿ. ಮದುವೆ ಆದದ್ದು 1961ರ ಜನವರಿ 12ರಂದು. ಇಷ್ಟನ್ನು ಮಾವನವರಿಗೆ ಈಗಲೇ ಓದಿ ಹೇಳಿ. ಮುಂದಿನದನ್ನು ಮಾತ್ರ ಮೊದಲು ನೀವೊಬ್ಬರೇ ಓದಿಕೊಳ್ಳಿ. ಈ ಕತೆಯಲ್ಲಿ ಒಂದು ಗಂಟು ಇದೆ.

ನಿಮ್ಮ ಪತ್ರ ಓದಿ ನಾನು ಒಬ್ಬಳೇ ನಕ್ಕೆ. ನಾನೂ ಗಜಕಡ್ಡಿಯವರ ಮನೆಯ ಮಗಳೇ. ನಮ್ಮಪ್ಪ ಶಹಾಪುರದಲ್ಲಿ ಸೀರೆ ಮಾರುತ್ತಿದ್ದರು. ಅಂಗಡಿ ಅಂದರೆ ಒಂದು ಖೋಲಿ, ಒಂದು ಗಾದಿ, ಗೋಡೆಗೆ ಮೂರು ಹಲಗೆ. ನನ್ನನ್ನು ನೋಡಲು ಬಂದ ಮೊದಲ ಮನೆತನದವರು ಆ ಗಾದಿಯ ಮೇಲೆಯೇ ಕೂತು ಉಪ್ಪಿಟ್ಟು ತಿಂದರು, ಎರಡೆರಡು ಸಲ ಕುಂದಾ ಹಾಕಿಸಿಕೊಂಡರು. ಮರುದಿನ "ಅಂಗಡಿಯವರ ಸಂಬಂಧ ನಮಗೆ ಸರಿಬರುವುದಿಲ್ಲ" ಎಂದು ಹೇಳಿ ಕಳಿಸಿದರು. ನಮ್ಮವ್ವನಿಗೆ ಸಂಬಂಧ ತಪ್ಪಿದ್ದಕ್ಕಿಂತ ಕುಂದಾ ಹೋದದ್ದೇ ಜಾಸ್ತಿ ಸಂಕಟ. ಹಾಗಾಗಿ ನಾನು ಈ ವಿಷಯದಲ್ಲಿ ಪಕ್ಷ ವಹಿಸದೆ ಬರೆಯುತ್ತೇನೆ ಎಂದು ನಂಬಬೇಡಿ.

ಈಗ ಆಸ್ಟ್ರಿಡ್ ವಿಷಯಕ್ಕೆ ಬರುತ್ತೇನೆ. ಹುಟ್ಟಿದ್ದು 1932ರ ಫೆಬ್ರುವರಿ 12ರಂದು. ಆಗ ಓಲಾವ್ ಇನ್ನೂ ಯುವರಾಜ, ಅಜ್ಜ ಏಳನೇ ಹಾಕನ್ ರಾಜ. ತಾಯಿ ಮಾರ್ಥಾ ಸ್ವೀಡನ್ ದೇಶದ ರಾಜಕುಮಾರಿ. ಅಕ್ಕ ರಾಗ್ನ್‌ಹಿಲ್ಡ್, ತಮ್ಮ ಹರಾಲ್ಡ್. ಆಸ್ಟ್ರಿಡ್‌ಗೆ ಎಂಟು ವರ್ಷ ತುಂಬಿದ ಎರಡೇ ತಿಂಗಳಿಗೆ, 1940ರ ಏಪ್ರಿಲ್ 9ರಂದು, ಜರ್ಮನ್ ಸೈನ್ಯ ನಾರ್ವೆಗೆ ನುಗ್ಗಿತು. ತಾಯಿ ಮೂರೂ ಮಕ್ಕಳನ್ನು ಕಟ್ಟಿಕೊಂಡು ಗಡಿ ದಾಟಿ ಸ್ವೀಡನ್‌ಗೆ ಓಡಿದರು. ಅಪ್ಪ, ಅಜ್ಜ ಹಡಗು ಹತ್ತಿ ಇಂಗ್ಲೆಂಡಿಗೆ. ಆಗಸ್ಟ್‌ನಲ್ಲಿ ಅಮೆರಿಕದ ಅಧ್ಯಕ್ಷ ರೂಸ್‌ವೆಲ್ಟ್ ಒಂದು ಹಡಗು ಕಳಿಸಿದರು. ಫಿನ್‌ಲೆಂಡಿನ ತುತ್ತತುದಿಯ ಪೆಟ್ಸಾಮೊ ಬಂದರಿನಿಂದ ತಾಯಿ ಮಕ್ಕಳು ನ್ಯೂಯಾರ್ಕಿಗೆ ಹೋದರು. ಮುಂದೆ ಐದು ವರ್ಷ ವಾಷಿಂಗ್ಟನ್ ಹತ್ತಿರದ ಒಂದು ಮನೆಯಲ್ಲಿ ಬಾಳ್ವೆ. ಮರಳಿ ಓಸ್ಲೋಗೆ ಕಾಲಿಟ್ಟದ್ದು 1945ರ ಜೂನ್ 7ರಂದು. ಅರಮನೆಯ ಹುಡುಗಿ ಅಂದಕೂಡಲೆ ನಾವು ಹಿಟ್ಟಿನ ಗೊಂಬೆಯ ಹಾಗೆ ಬೆಳೆದವಳು ಅಂದುಕೊಳ್ಳುತ್ತೇವೆ, ಅಲ್ವಾ? ಈಕೆ ಊರು ಬಿಟ್ಟು ಊರು ಸೇರಿದವಳು.

ಇನ್ನೊಂದು ಮಾತು. ಆಸ್ಟ್ರಿಡ್‌ಗೆ ಡಿಸ್ಲೆಕ್ಸಿಯಾ ಇತ್ತು. ಅಂದರೆ ಅಕ್ಷರಗಳು ಕಣ್ಣ ಮುಂದಿದ್ದರೂ ಓದಿಗೆ ಸಲೀಸಾಗಿ ಒಗ್ಗುವುದಿಲ್ಲ. ಬುದ್ಧಿ ಕಡಿಮೆ ಅಂತ ಅಲ್ಲ. ನಾನು 31 ವರ್ಷ ಶಾಲೆಯಲ್ಲಿ ಕಲಿಸಿದ್ದೇನೆ. ಇಂಥ ಎಷ್ಟು ಮಕ್ಕಳನ್ನು "ದಡ್ಡ" ಅಂತ ಹಿಂದಿನ ಬೆಂಚಿಗೆ ಕಳಿಸಿದ್ದೇನೋ, ನೆನೆದರೆ ಈಗಲೂ ಮುಖ ಬಿಸಿಯಾಗುತ್ತದೆ. ಈ ರಾಜಕುಮಾರಿ ಆ ತೊಡಕು ಇಟ್ಟುಕೊಂಡೇ ಆಕ್ಸ್‌ಫರ್ಡ್‌ನಲ್ಲಿ ಎರಡು ವರ್ಷ ಓದಿದರು. ಮುಂದೆ ಅಂಥ ಮಕ್ಕಳ ಸಲುವಾಗಿ ದನಿ ಎತ್ತಿದರು. ತಾಯಿಯ ಹೆಸರಿನ ದತ್ತಿ ನಿಧಿಯ ಮುಖ್ಯಸ್ಥೆಯೂ ಆದರು.

1953ರಲ್ಲಿ ಅಕ್ಕ ರಾಗ್ನ್‌ಹಿಲ್ಡ್ ಮದುವೆಯಾಯಿತು. ವರ ಎರ್ಲಿಂಗ್ ಲೋರೆಂಟ್ಜೆನ್. ಹಡಗಿನ ವ್ಯಾಪಾರದವರ ಮಗ, ಯುದ್ಧದ ದಿನಗಳಲ್ಲಿ ಜರ್ಮನ್ನರ ವಿರುದ್ಧ ಗುಪ್ತವಾಗಿ ಹೋರಾಡಿದವ. ಯುದ್ಧ ಮುಗಿದ ಮೇಲೆ ರಾಜಮನೆತನಕ್ಕೆ ಅಂಗರಕ್ಷಕನಾಗಿದ್ದ. ಮದುವೆಯಾದ ಮೇಲೆ ಇಬ್ಬರೂ ಬ್ರೆಜಿಲ್‌ಗೆ ಹೋದರು. ಒಂದಷ್ಟು ದಿನ ಅಂತ ಹೋದವರು ಅಲ್ಲೇ ಉಳಿದರು. ರಾಗ್ನ್‌ಹಿಲ್ಡ್ 2012ರಲ್ಲಿ ತೀರಿಕೊಂಡದ್ದೂ ಅಲ್ಲೇ, ರಿಯೋ ಡಿ ಜನೈರೋದಲ್ಲಿ.

ಅಕ್ಕ ಹೋದ ಮರುವರ್ಷವೇ, 1954ರ ಏಪ್ರಿಲ್ 5ರಂದು, ತಾಯಿ ಮಾರ್ಥಾ ತೀರಿಕೊಂಡರು. ಅಜ್ಜಿ, ಅಂದರೆ ರಾಣಿ ಮಾಡ್, 1938ರಲ್ಲೇ ಹೋಗಿದ್ದರು. ಈಗ ಲೆಕ್ಕ ಹಾಕಿ. ಅರಮನೆಯಲ್ಲಿ ಹೆಂಡತಿ ಇಲ್ಲದ ರಾಜ, ಹೆಂಡತಿ ಇಲ್ಲದ ಯುವರಾಜ, ಮದುವೆಯಾಗದ ತಮ್ಮ. ಹೆಣ್ಣು ಅಂತ ಉಳಿದವಳು 22 ವರ್ಷದ ಆಸ್ಟ್ರಿಡ್ ಒಬ್ಬಳೇ. ಬೇರೆ ದೇಶದ ರಾಜ ಬಂದರೆ ಪಕ್ಕದಲ್ಲಿ ನಿಲ್ಲುವವಳು ಇವಳು. ಔತಣದಲ್ಲಿ ರಾಣಿಯ ಕುರ್ಚಿಯಲ್ಲಿ ಕೂರುವವಳು ಇವಳು. 1957ರಲ್ಲಿ ಅಜ್ಜ ಹಾಕನ್ ತೀರಿಕೊಂಡು ಅಪ್ಪ ರಾಜನಾದ. ಕೆಲಸ ಇನ್ನೂ ಜಾಸ್ತಿಯಾಯಿತು. ರಾಣಿ ಅನ್ನುವ ಹೆಸರಿಲ್ಲ, ರಾಣಿಯ ಕೆಲಸವೆಲ್ಲ ಇದೆ. ಹೀಗೆ 14 ವರ್ಷ.

ಈ ನಡುವೆ ಫರ್ನರ್. ಹುಟ್ಟಿದ್ದು 1927ರಲ್ಲಿ. ಹಾಯಿದೋಣಿ ನಡೆಸುವುದರಲ್ಲಿ ಗಟ್ಟಿಗ. 1952ರ ಹೆಲ್ಸಿಂಕಿ ಒಲಿಂಪಿಕ್ಸ್‌ನಲ್ಲಿ ಬೆಳ್ಳಿ ಪದಕ ಗೆದ್ದ ದೋಣಿಯಲ್ಲಿ ಇವನಿದ್ದ, ಅದೇ ದೋಣಿಯಲ್ಲಿ ಇವನ ಅಣ್ಣತಮ್ಮಂದಿರಲ್ಲಿ ಒಬ್ಬನೂ ಇದ್ದ. ಮಾವ ಓಲಾವ್ ಕಡಿಮೆಯೇನಲ್ಲ. 1928ರ ಆಮ್‌ಸ್ಟರ್‌ಡ್ಯಾಂ ಒಲಿಂಪಿಕ್ಸ್‌ನಲ್ಲಿ ಇದೇ ಬಗೆಯ ದೋಣಿಯಲ್ಲಿ ಚಿನ್ನ ಗೆದ್ದವನು. ನಮ್ಮ ಕಡೆ ಮಾವ ಅಳಿಯ ಇಬ್ಬರೂ ಒಂದೇ ಗರಡಿಮನೆಯ ಪೈಲ್ವಾನರು ಅಂದರೆ ಹೇಗೋ ಹಾಗೆ. ಮಾತಿಗೆ ಬರ ಬಂದಿರಲಿಕ್ಕಿಲ್ಲ.

ಬರ ಬಂದದ್ದು ಚರ್ಚಿನ ಕಡೆಯಿಂದ. ಬಟ್ಟೆ ಅಂಗಡಿ ಅನ್ನುವುದು ಅಲ್ಲಿ ಅಂಥ ದೊಡ್ಡ ತಕರಾರು ಆಗಲಿಲ್ಲ. ಫರ್ನರ್‌ಗೆ ಮೊದಲೊಂದು ಮದುವೆಯಾಗಿ ಬಿಟ್ಟು ಹೋಗಿತ್ತು, ಅದು ತಕರಾರಾಯಿತು. ವಿಚ್ಛೇದನ ಆದವನಿಗೆ ರಾಜನ ಮಗಳನ್ನು ಚರ್ಚಿನಲ್ಲಿ ಕೊಡುವುದು ಹೇಗೆ ಎಂದು ಪಾದ್ರಿಗಳಲ್ಲಿ ಕೆಲವರು ಎದ್ದು ನಿಂತರು. ಇದೇ ಕಾರಣಕ್ಕೆ, ಐದಾರು ವರ್ಷದ ಹಿಂದಷ್ಟೇ, ಇಂಗ್ಲೆಂಡಿನಲ್ಲಿ ರಾಣಿಯ ತಂಗಿ ಮಾರ್ಗರೆಟ್ ಪೀಟರ್ ಟೌನ್‌ಸೆಂಡ್ ಎಂಬ ವಾಯುಪಡೆಯ ಅಧಿಕಾರಿಯನ್ನು ಬಿಟ್ಟುಕೊಟ್ಟಿದ್ದಳು. 1955ರ ಅಕ್ಟೋಬರ್ 31ರಂದು ಆ ಮದುವೆ ಇಲ್ಲ ಎಂದು ಹೇಳಿಕೆ ಕೊಟ್ಟಳು. ನಾರ್ವೆಯಲ್ಲಿ ಓಲಾವ್ ಹಿಂದೆ ಸರಿಯಲಿಲ್ಲ. ಮಗಳ ಮದುವೆ ಆಸ್ಕರ್ ಎಂಬಲ್ಲಿಯ ಹಳೆಯ ಊರ ಚರ್ಚಿನಲ್ಲಿ ನಡೆಯಿತು. ಅಕ್ಕನ ಮದುವೆಯೂ ಅಲ್ಲೇ ಆಗಿತ್ತು.

ಇಲ್ಲಿಗೆ ನಿಲ್ಲಿಸಿದರೆ ನಿಮ್ಮ ಮಗಳು ಗೆದ್ದಳು. ಆದರೆ ಗಂಟು ಇರುವುದು ಇದರ ಮುಂದೆ.

ತಮ್ಮ ಹರಾಲ್ಡ್ 1959ರಲ್ಲಿ ಸೋನ್ಯಾ ಎಂಬ ಹುಡುಗಿಯನ್ನು ಕಂಡ. ಸೋನ್ಯಾಳ ಅಪ್ಪ ಏನು ಮಾಡುತ್ತಿದ್ದ ಗೊತ್ತೇ? ಬಟ್ಟೆ ವ್ಯಾಪಾರ. ಅದೂ ಓಸ್ಲೋದಲ್ಲೇ. ಆ ಹುಡುಗಿಗೆ ಮೊದಲ ಮದುವೆ ಇಲ್ಲ, ವಿಚ್ಛೇದನ ಇಲ್ಲ. ಹೊಲಿಗೆ ಕಲಿತು ಸರ್ಟಿಫಿಕೇಟು ಪಡೆದಿದ್ದಳು. ಅದೇ ಅಪ್ಪ, ಅದೇ ಅರಮನೆ, ಅದೇ ಬಟ್ಟೆ ಅಂಗಡಿ. ಅಳಿಯನನ್ನು 1961ರಲ್ಲಿ ಒಳಗೆ ಕರೆದ ರಾಜ, ಈ ಸೊಸೆಯನ್ನು ಒಪ್ಪಲು 1968ರ ತನಕ ತೆಗೆದುಕೊಂಡ. ಒಂಬತ್ತು ವರ್ಷ ಆ ಇಬ್ಬರೂ ಕಾದರು. ಕಡೆಗೆ ಹರಾಲ್ಡ್, ಸೋನ್ಯಾ ಆಗದಿದ್ದರೆ ಮದುವೆಯೇ ಬೇಡ ಎಂದು ಕೂತ. ಅವನೊಬ್ಬನೇ ವಾರಸುದಾರ. ಅವನಿಗೆ ಮಕ್ಕಳಾಗದಿದ್ದರೆ ಮನೆತನದ ಪಟ್ಟವೇ ಮುಗಿಯುತ್ತದೆ. ಆಗ ರಾಜ ಸರ್ಕಾರದವರನ್ನು, ಸಂಸತ್ತಿನ ಮುಖಂಡರನ್ನು ಕೇಳಿ ಹೂಂ ಅಂದ. 1968ರ ಆಗಸ್ಟ್ 29ರಂದು ಮದುವೆಯಾಯಿತು.

ಹೆಣ್ಣುಮಕ್ಕಳಿಗೆ ಅಷ್ಟು ಬೇಗ ಒಪ್ಪಿದ ಅಪ್ಪ ಮಗನಿಗೆ ಯಾಕೆ ಇಷ್ಟು ಸತಾಯಿಸಿದ? ಮಕ್ಕಳಲ್ಲಿ ಭೇದವೇ? ನನಗೆ ಕಾಣುವುದು ಇಷ್ಟು. ನಾರ್ವೆಯ ಕಾನೂನಿನ ಪ್ರಕಾರ ಆಗ ಹೆಣ್ಣಿಗೆ ಸಿಂಹಾಸನದ ಹಕ್ಕೇ ಇರಲಿಲ್ಲ. ರಾಗ್ನ್‌ಹಿಲ್ಡ್ ಹಿರಿಯಳಾದರೂ ಅಷ್ಟೆ, ಆಸ್ಟ್ರಿಡ್ ರಾಣಿಯ ಕುರ್ಚಿಯಲ್ಲಿ 14 ವರ್ಷ ಕೂತರೂ ಅಷ್ಟೆ. ಪಟ್ಟದ ಲೆಕ್ಕದಲ್ಲಿ ಅವರಿಬ್ಬರೂ ಇಲ್ಲವೇ ಇಲ್ಲ. ಲೆಕ್ಕದಲ್ಲಿ ಇಲ್ಲದವರು ಯಾರನ್ನು ಮದುವೆಯಾದರೆ ಯಾರಿಗೇನು ನಷ್ಟ? 1990ರಲ್ಲಿ ಸಂವಿಧಾನ ತಿದ್ದಿ ಹೆಣ್ಣುಮಕ್ಕಳಿಗೂ ಹಕ್ಕು ಕೊಟ್ಟರು. ಆಗಲೂ ಈ ಅಕ್ಕತಂಗಿಯರನ್ನು ಬಿಟ್ಟೇ ಬರೆದರು.

ವಾರಸುದಾರಿಕೆ ಅನ್ನುವುದು ಎಷ್ಟು ಖಾರದ ವಿಷಯ ಅಂತ ಬೈಲಹೊಂಗಲದವರಿಗೆ ನಾನು ಹೇಳಬೇಕಿಲ್ಲ. 1824ರಲ್ಲಿ ಕಿತ್ತೂರಿನ ಶಿವಲಿಂಗರುದ್ರ ಸರ್ಜ ಮಕ್ಕಳಿಲ್ಲದೆ ತೀರಿಕೊಂಡಾಗ, ದತ್ತು ಮಗನನ್ನು ಒಪ್ಪುವುದಿಲ್ಲ ಅಂತ ಥ್ಯಾಕರೆ ಪಟ್ಟು ಹಿಡಿದದ್ದಕ್ಕೇ ಅಲ್ವಾ ಚೆನ್ನಮ್ಮ ಕತ್ತಿ ಹಿಡಿದದ್ದು? ಚೆನ್ನಮ್ಮನ ಸಮಾಧಿ ನಿಮ್ಮ ಬೈಲಹೊಂಗಲದಲ್ಲೇ ಇದೆ. ಮಾವನವರು ಅದರ ಮುಂದೆ ನೂರು ಸಲ ಹಾದು ಹೋಗಿರುತ್ತಾರೆ.

ಅದಕ್ಕೇ ನಾನು ಅನ್ನುವುದು, ಈ ಉದಾಹರಣೆಯನ್ನು ಮಗಳು ತೂಗಿ ನೋಡಿ ಎತ್ತಲಿ ಅಂತ. ಆಸ್ಟ್ರಿಡ್‌ನ ಅಪ್ಪ ದೊಡ್ಡ ಮನಸ್ಸಿನವನಾಗಿದ್ದಕ್ಕೆ ಒಪ್ಪಿದ ಅಂತ ನಾನು ಪೂರ್ತಿ ನಂಬುವುದಿಲ್ಲ. "ಹೆಣ್ಣು ಹೇಗೂ ಕೊಟ್ಟ ಮನೆಗೆ ಹೋಗುವಂಥದ್ದು" ಅನ್ನುವ ನಮ್ಮೂರ ಮಾತೇ ಅಲ್ಲಿ ಕಾನೂನಿನ ಪುಸ್ತಕದಲ್ಲಿತ್ತು. ನಿಮ್ಮ ಮಾವನವರದ್ದು ಇನ್ನೂ ಮಜಾ. ಉತಾರದಲ್ಲಿ ಮೊಮ್ಮಗಳ ಹೆಸರು ಇದೆಯೋ ಇಲ್ಲವೋ ನೀವು ಬರೆದಿಲ್ಲ. ಉತಾರ ತೆಗೆಸಲು ಮಾತ್ರ ಅವಳೇ ಬೇಕು. ಆಸ್ಟ್ರಿಡ್ ಕೂಡ ಮದುವೆಯಾದ ಮೇಲೆ ಏಳು ವರ್ಷ, ಸೋನ್ಯಾ ಮನೆ ತುಂಬುವ ತನಕ, ಅಪ್ಪನ ಪಕ್ಕದಲ್ಲಿ ನಿಲ್ಲಲು ಅರಮನೆಗೆ ಹೋಗಿಬಂದು ಮಾಡಿದಳು. ಅಷ್ಟರಲ್ಲಿ ಅವಳಿಗೆ ಮೂರು ಮಕ್ಕಳೂ ಆಗಿದ್ದವು.

ಹೆಸರು ಉಳಿಯಿತಾ ಅಂತ ಕೇಳಿದ್ದೀರಿ. ಉಳಿಯಿತು, ಬಾಲ ಕಟ್ಟಿಕೊಂಡು. ಮದುವೆಯ ಮೊದಲು ಅವರ ಹೆಸರಿನ ಮುಂದೆ ರಾಜಮನೆತನದ ದೊಡ್ಡ ಬಿರುದು ಇತ್ತು. ಮದುವೆಯ ಮೇಲೆ ಒಂದು ಮೆಟ್ಟಿಲು ಇಳಿಸಿ ಬರೀ ಘನತೆವೆತ್ತ ಅನ್ನುವಷ್ಟಕ್ಕೆ ನಿಲ್ಲಿಸಿದರು. ಹೆಸರು ಹೀಗಾಯಿತು: "ರಾಜಕುಮಾರಿ ಆಸ್ಟ್ರಿಡ್, ಶ್ರೀಮತಿ ಫರ್ನರ್." ಅಕ್ಕನದ್ದೂ ಹಾಗೇ, "ರಾಜಕುಮಾರಿ ರಾಗ್ನ್‌ಹಿಲ್ಡ್, ಶ್ರೀಮತಿ ಲೋರೆಂಟ್ಜೆನ್." ನಡುವೆ ಒಂದು ಅಲ್ಪವಿರಾಮ. ಅದರ ಈ ಕಡೆ ತವರು, ಆ ಕಡೆ ಗಂಡನ ಮನೆ.

ನನಗೆ ಆ ಅಲ್ಪವಿರಾಮ ನೋಡಿದರೆ ಹೊಟ್ಟೆಕಿಚ್ಚು. ನನ್ನ ಮದುವೆಯ ದಿನ ಹರಿವಾಣದಲ್ಲಿ ಅಕ್ಕಿ ಹರಡಿ, ಉಂಗುರದಿಂದ ನನಗೊಂದು ಹೊಸ ಹೆಸರು ಬರೆಸಿದರು. ಹಳೆಯ ಹೆಸರು ಅಕ್ಕಿಯ ಜೊತೆಗೇ ಹೋಯಿತು ಅಂದುಕೊಂಡೆ. ಹೋಗಲಿಲ್ಲ. ಕೆಲಸಕ್ಕೆ ಸೇರಿದ ಪುಸ್ತಕದಲ್ಲಿ ಹಳೆಯದು, ರೇಷನ್ ಕಾರ್ಡಿನಲ್ಲಿ ಹೊಸದು. ನಿವೃತ್ತಿಯ ವೇಳೆ ಒಂದು ಕಚೇರಿಯವರು "ಈ ಇಬ್ಬರಲ್ಲಿ ನೀವು ಯಾರು?" ಅಂತ ಕೇಳಿ ಏಳು ತಿಂಗಳು ಪಿಂಚಣಿ ತಡೆ ಹಿಡಿದಿದ್ದರು. ನಡುವೆ ಒಂದು ಅಲ್ಪವಿರಾಮ ಹಾಕಿಸಿಕೊಂಡಿದ್ದರೆ ಸಾಕಿತ್ತು. ನಿಮ್ಮ ಮಗಳಿಗೆ ಈಗಲೇ ಹೇಳಿಡಿ: ಆಧಾರ್, ಬ್ಯಾಂಕಿನ ಪುಸ್ತಕ, ಪ್ಯಾನ್ ಮೂರರಲ್ಲೂ ಒಂದೇ ಹೆಸರು ಇರಲಿ. ಯಾವ ಹೆಸರು ಅನ್ನುವುದು ಅವಳಿಷ್ಟ.

ಮಾನದ ಮಾತಿಗೆ ಬಂದರೆ, ಆಸ್ಟ್ರಿಡ್ ಮತ್ತು ಫರ್ನರ್ 54 ವರ್ಷ ಸಂಸಾರ ಮಾಡಿದರು. 2015ರ ಜನವರಿಯಲ್ಲಿ ಫರ್ನರ್ ತೀರಿಕೊಂಡಾಗಲೇ ಅದು ಮುಗಿದದ್ದು. ಐದು ಮಕ್ಕಳು. 2002ರಲ್ಲಿ, 70 ತುಂಬಿದ ವರ್ಷ, ನಾರ್ವೆ ಸರ್ಕಾರ ಆಸ್ಟ್ರಿಡ್ ಅವರ ದುಡಿಮೆಗೆ ಗೌರವ ಪಿಂಚಣಿ ಕೊಟ್ಟಿತು. ಏಳು ತಿಂಗಳು ತಡೆ ಹಿಡಿದಿರಲಿಕ್ಕಿಲ್ಲ! 90 ದಾಟಿದ ಮೇಲೂ ಅರಮನೆಯ ಸಮಾರಂಭಗಳಲ್ಲಿ ಕಾಣಿಸಿಕೊಂಡಿದ್ದಾರೆ. ಆ ಸೋನ್ಯಾ 1991ರಲ್ಲಿ ಗಂಡ ಪಟ್ಟಕ್ಕೆ ಬಂದಾಗ ನಾರ್ವೆಯ ರಾಣಿಯೇ ಆದಳು. ಒಂದು ಬಟ್ಟೆ ಅಂಗಡಿಯಿಂದ ಅಳಿಯ, ಇನ್ನೊಂದು ಬಟ್ಟೆ ಅಂಗಡಿಯಿಂದ ರಾಣಿ. ನಮ್ಮಪ್ಪ ಇದ್ದಿದ್ದರೆ ಗಾದಿಯ ಹಿಂದೆ ಇಬ್ಬರ ಫೋಟೋ ಹಾಕುತ್ತಿದ್ದರು.

ಒಂದು ತಮಾಷೆ ಹೇಳದೆ ಬಿಡಲಾರೆ. ಸ್ವತಃ ಅಂಗರಕ್ಷಕನನ್ನು ಮದುವೆಯಾದ ರಾಗ್ನ್‌ಹಿಲ್ಡ್, ಮುಪ್ಪಿನಲ್ಲಿ, 2004ರ ಒಂದು ಟಿವಿ ಸಂದರ್ಶನದಲ್ಲಿ, ತಮ್ಮನ ಮಕ್ಕಳು ಆರಿಸಿಕೊಂಡ ಜೋಡಿಗಳು ತನಗೆ ಹಿಡಿಸಿಲ್ಲ ಅಂತ ನೇರವಾಗಿ ಹೇಳಿದರು. ಮಾವನವರಿಗೆ ಇದೊಂದು ಸಮಾಧಾನ.

ನೀವು ಮಾಡಬೇಕಾದ ಕೆಲಸ ಒಂದಿದೆ. ಮಾವನವರಿಗೆ ಹೇಳದೆ, ಒಂದು ಮಧ್ಯಾಹ್ನ, ಆ ಅಂಗಡಿಗೆ ಗಿರಾಕಿಯ ಹಾಗೆ ಹೋಗಿ. ಹುಡುಗನಿಗೆ ನಿಮ್ಮ ಗುರುತಿದೆ, ಹಾಗಾಗಿ ತಂಗಿಯನ್ನೋ ನಾದಿನಿಯನ್ನೋ ಕಳಿಸಿ. ಇಪ್ಪತ್ತು ಸೀರೆ ಬಿಚ್ಚಿಸಲಿ, ಸೆರಗು ನೋಡಲಿ, ದರ ಇಳಿಸಲಿ, ಕಡೆಗೆ ಒಂದು ಕುಪ್ಪಸದ ಖಣವನ್ನೂ ಕೊಳ್ಳದೆ ಎದ್ದು ಬರಲಿ. ಎದ್ದು ಬರುವಾಗ ಆ ಹುಡುಗನ ಮುಖ ಹೇಗಿತ್ತು ಅಂತ ಕೇಳಿ ನನಗೆ ಬರೆಯಿರಿ. ನಮ್ಮಪ್ಪ ಅಂಥವರಿಗೂ "ಮತ್ತ ಬರ್ರಿ" ಅಂತಿದ್ದರು.

ಪ್ರಶ್ನೆ: ರಾಜಕುಮಾರಿಯನ್ನು ಮದುವೆಯಾದ ಸಾಮಾನ್ಯ ಹುಡುಗನಿಗೆ ಏನಾದರೂ ಪದವಿ ಸಿಗುತ್ತದಾ ಮೇಡಂ? ಗೆಳೆಯರಲ್ಲಿ ಪಂದ್ಯ ಕಟ್ಟಿದ್ದೇವೆ.
ಪದವಿ ವಿದ್ಯಾರ್ಥಿ, ವಿಜಯಪುರ

ಉತ್ತರ: ಪಂದ್ಯದ ಹಣ ಯಾರಿಗೂ ಕೊಡಬೇಡಪ್ಪ, ಇಬ್ಬರೂ ಸರಿ. ಫರ್ನರ್‌ಗೆ ಏನೂ ಸಿಗಲಿಲ್ಲ, ಕಡೆಯ ತನಕ ಶ್ರೀ ಫರ್ನರ್. ಇಂಗ್ಲೆಂಡಿನ ಮಾರ್ಗರೆಟ್ 1960ರಲ್ಲಿ ಮದುವೆಯಾದ ಫೋಟೋಗ್ರಾಫರ್ ಆಂಟನಿ ಆರ್ಮ್‌ಸ್ಟ್ರಾಂಗ್ ಜೋನ್ಸ್‌ಗೆ ಮರುವರ್ಷ ಸ್ನೋಡನ್ ಎಂಬ ಬೆಟ್ಟದ ಹೆಸರಿನ ದೊರೆತನ ಕೊಟ್ಟರು. 1978ರಲ್ಲಿ ಅವರಿಬ್ಬರ ವಿಚ್ಛೇದನವಾಯಿತು. ಸ್ವೀಡನ್‌ನ ಯುವರಾಣಿ ವಿಕ್ಟೋರಿಯಾ 2010ರ ಜೂನ್ 19ರಂದು ಕೈಹಿಡಿದದ್ದು ತನಗೆ ವ್ಯಾಯಾಮ ಹೇಳಿಕೊಡುತ್ತಿದ್ದ ಡೇನಿಯಲ್ ವೆಸ್ಟ್‌ಲಿಂಗ್‌ನನ್ನು. ಅವನು ಆ ದಿನವೇ ರಾಜಕುಮಾರನಾದ. ಅದಕ್ಕೆ ಒಂದು ವರ್ಷದ ಹಿಂದೆ ಅವನ ಕಿಡ್ನಿ ಕೈಕೊಟ್ಟು, ಅಪ್ಪ ತನ್ನದೊಂದು ಕಿಡ್ನಿ ಕೊಟ್ಟು ಉಳಿಸಿಕೊಂಡಿದ್ದ. ವಿಕ್ಟೋರಿಯಾಳ ತಂಗಿ ಮೆಡಲೀನ್‌ಳ ಗಂಡ ಕ್ರಿಸ್ಟೋಫರ್ ಓನೀಲ್ ಮಾತ್ರ ಪದವಿಯೇ ಬೇಡ ಅಂದ. ತನ್ನ ವ್ಯವಹಾರ ತಾನು ನೋಡಿಕೊಳ್ಳಬೇಕಿತ್ತು ಅವನಿಗೆ. ನಿನಗೂ ಪರೀಕ್ಷೆ ಹತ್ತಿರ ಇರಬೇಕಲ್ಲ?

ಪ್ರಶ್ನೆ: ಒಬ್ಬ ರಾಜಕುಮಾರಿ ಹುಟ್ಟುವಾಗ ಆಸ್ಪತ್ರೆಯ ಕೋಣೆಯನ್ನೇ ಬೇರೆ ದೇಶಕ್ಕೆ ಸೇರಿಸಿದ್ದರಂತೆ, ಹೌದಾ?
ಓದುಗರು, ನವನಗರ, ಬಾಗಲಕೋಟೆ

ಉತ್ತರ: ಅರ್ಧ ಹೌದು. ಡಚ್ ರಾಜಕುಮಾರಿ ಮಾರ್ಗ್ರೀಟ್ 1943ರ ಜನವರಿ 19ರಂದು ಕೆನಡಾದ ಒಟ್ಟಾವಾದಲ್ಲಿ ಹುಟ್ಟಿದಳು. ನೆದರ್ಲೆಂಡ್ಸ್ ಆಗ ಜರ್ಮನ್ನರ ಕೈಯಲ್ಲಿತ್ತು, ತಾಯಿ ಯೂಲಿಯಾನಾ ಅಲ್ಲಿ ಆಶ್ರಯ ಪಡೆದಿದ್ದರು. ಕೆನಡಾದ ಮಣ್ಣಿನಲ್ಲಿ ಹುಟ್ಟಿದರೆ ಮಗು ಅಲ್ಲಿಯ ಪ್ರಜೆಯಾಗುತ್ತದೆ. ಅದು ಬೇಡ ಅಂತ ಆ ಹೆರಿಗೆ ಕೋಣೆ ಅಷ್ಟು ಹೊತ್ತು ಕೆನಡಾಕ್ಕೆ ಸೇರಿದ್ದಲ್ಲ ಎಂದು ಸರ್ಕಾರ ಸಾರಿತು. ಡಚ್ಚರ ನೆಲ ಅಂತ ಮಾಡಲಿಲ್ಲ, ಯಾರದ್ದೂ ಅಲ್ಲ ಅಂತ ಮಾಡಿತು. ಮಗುವಿಗೆ ತಾಯಿಯಿಂದ ಡಚ್ ಪೌರತ್ವ ಬಂತು. ಊರಿಗೇ ಊರು ಹಿನ್ನೀರಿಗೆ ಕೊಟ್ಟು ನವನಗರಕ್ಕೆ ಬಂದ ನಿಮಗೆ, ಕಾಗದದ ಮೇಲೆ ನೆಲ ಹೇಗೆ ಮಾಯವಾಗುತ್ತದೆ ಅಂತ ನಾನು ವಿವರಿಸಬೇಕೇ!

ಈ ಮಾರ್ಗ್ರೀಟ್ ಕೂಡ 1967ರಲ್ಲಿ ಮದುವೆಯಾದದ್ದು ಸಾಮಾನ್ಯ ಮನೆತನದ ಪೀಟರ್ ಫಾನ್ ವೊಲ್ಲೆನ್‌ಹೋವನ್‌ನನ್ನು. ಡಚ್ ರಾಜಕುಮಾರಿಯೊಬ್ಬಳು ಹಾಗೆ ಮದುವೆಯಾದದ್ದು ಅದೇ ಮೊದಲು. ಅಲ್ಲಿ ಹೆಣ್ಣಿಗೂ ಪಟ್ಟದ ಹಕ್ಕು ಇತ್ತು. ಹಾಗಾಗಿ ಸಂಸತ್ತಿನ ಒಪ್ಪಿಗೆ ಪಡೆದೇ ಮದುವೆ ಮಾಡಿದರು. ಒಪ್ಪಿಗೆ ಕೇಳದೆ ಮದುವೆಯಾದ ಅಕ್ಕ ಐರೀನ್ ಮೂರು ವರ್ಷದ ಹಿಂದೆ ಆ ಹಕ್ಕು ಕಳೆದುಕೊಂಡಿದ್ದಳು. ಬೈಲಹೊಂಗಲದ ತಂಗಿ ಇದನ್ನೂ ಓದಲಿ.

ಆಶ್ರಯದ ಋಣಕ್ಕೆ ಯೂಲಿಯಾನಾ 1945ರಲ್ಲಿ ಒಟ್ಟಾವಾಕ್ಕೆ ಒಂದು ಲಕ್ಷ ಟ್ಯುಲಿಪ್ ಗಡ್ಡೆ ಕಳಿಸಿದರು. ಇವತ್ತಿಗೂ ವರ್ಷ ವರ್ಷ ಗಡ್ಡೆ ಹೋಗುತ್ತವೆ. ಗಡ್ಡೆ ಬಾಗಲಕೋಟೆಯಲ್ಲಿ ಹಚ್ಚಿದರೆ ಬರುತ್ತದಾ ಅಂತ ನೀವು ಪತ್ರದ ಕೊನೆಗೆ ಕೇಳಿದ್ದೀರಿ. ಬರುವುದಿಲ್ಲ, ಅದಕ್ಕೆ ಥಂಡಿ ಬೇಕು. ಉಳ್ಳಾಗಡ್ಡಿ ಹಚ್ಚಿ.